ಟಾರ್ಲಾಟಮ್ಯಾಬ್ ಕ್ಯಾನ್ಸರನ್ನು ಕೊಲ್ಲುವುದಿಲ್ಲ

ಬೈಸ್ಪೆಸಿಫಿಕ್ ಪ್ರತಿಕಾಯ, ಅಂದರೆ ಎರಡು ಗುರಿಗಳನ್ನು ಹಿಡಿಯುವ ಪ್ರತಿಕಾಯ, ಎಂದರೆ ಒಂದೇ ಸೀಸೆಯಲ್ಲಿ ಎರಡು ಔಷಧ, ಆದ್ದರಿಂದ ಏಟೂ ಎರಡು ಪಟ್ಟು ಎಂದು ನಂಬಿದವರು ಬಹಳ. ಸ್ಮಾಲ್ ಸೆಲ್ ಶ್ವಾಸಕೋಶ ಕ್ಯಾನ್ಸರಿಗೆಂದು 2024ರ ಮೇ ತಿಂಗಳಲ್ಲಿ ಅಮೆರಿಕದ ಔಷಧ ನಿಯಂತ್ರಣ ಸಂಸ್ಥೆ ಎಫ್‌ಡಿಎ ಒಪ್ಪಿದ ಟಾರ್ಲಾಟಮ್ಯಾಬ್ ವಿಷಯದಲ್ಲಿ ಈ ಲೆಕ್ಕ ತಲೆಕೆಳಗು. ಅದರ ಎರಡು ಕೈಗಳಲ್ಲಿ ಯಾವುದೂ ಕೊಲ್ಲುವುದಿಲ್ಲ. ಒಂದು ಕೈ ಕ್ಯಾನ್ಸರ್ ಕೋಶದ ಮೇಲಿನ ಡಿಎಲ್‌ಎಲ್3 ಪ್ರೋಟೀನನ್ನು ಹಿಡಿಯುತ್ತದೆ, ಇನ್ನೊಂದು ರೋಗಿಯದೇ ಟಿ ಕೋಶದ (ರೋಗ ಎದುರಿಸುವ ಬಿಳಿ ರಕ್ತಕಣದ) ಮೇಲಿನ ಸಿಡಿ3 ಪ್ರೋಟೀನನ್ನು. ಪೊಲೀಸನ ಕೈಗೂ ಕಳ್ಳನ ಕೈಗೂ ಒಂದೇ ಕೋಳ ತೊಡಿಸಿದಂತೆ. ಮುಂದಿನದು ಪೊಲೀಸನ ಕೆಲಸ.

ಡಿಎಲ್‌ಎಲ್3 ಆರೋಗ್ಯವಂತ ಕೋಶಗಳಲ್ಲಿ ಕಾಣುವುದೇ ಅಪರೂಪ, ಕಂಡರೂ ಒಳಗೆ, ಪ್ರೋಟೀನುಗಳನ್ನು ಕಟ್ಟಿ ಕಳಿಸುವ ಗಾಲ್ಜಿ ಎಂಬ ಭಾಗದ ಸುತ್ತ ಇರುತ್ತದೆ. ಈ ಕ್ಯಾನ್ಸರಿನಲ್ಲಾದರೋ ಅದು ಹೆಚ್ಚಾಗಿ ಹೊರಮೈಗೆ ಬರುತ್ತದೆ. ಸಾಮಾನ್ಯವಾಗಿ ಟಿ ಕೋಶಕ್ಕೆ ಗುರುತು ಸಿಗಬೇಕಾದರೆ ಎಂಎಚ್‌ಸಿ ಎಂಬ ತಟ್ಟೆಯ ಮೇಲೆ ಪ್ರೋಟೀನಿನ ತುಣುಕು ಕಾಣಿಸಬೇಕು. ಸ್ಮಾಲ್ ಸೆಲ್ ಕ್ಯಾನ್ಸರ್ ಹೆಚ್ಚಾಗಿ ಆ ತಟ್ಟೆಯನ್ನೇ ಎತ್ತಿಟ್ಟುಬಿಡುತ್ತದೆ. ಕೋಳಕ್ಕೆ ಗುರುತಿನ ಹಂಗಿಲ್ಲ: ಎಂದೋ ಬಂದುಹೋದ ಫ್ಲೂ ವೈರಸ್ಸಿಗಾಗಿ ತಯಾರಾದ ಟಿ ಕೋಶವೂ ನಡೆಯುತ್ತದೆ. ಎರಡೂ ಕೋಶಗಳ ಪೊರೆಗಳು ಒತ್ತಿಕೊಂಡಾಗ ಟಿ ಕೋಶ ಸುರಿಸುವ ಪರ್ಫೋರಿನ್ ಎಂಬ ಪ್ರೋಟೀನು ರಂಧ್ರ ಕೊರೆಯುತ್ತದೆ, ಗ್ರ್ಯಾನ್‌ಜೈಮ್ ಎಂಬ ಕಿಣ್ವ ಒಳನುಗ್ಗಿ ಕ್ಯಾನ್ಸರ್ ಕೋಶ ತನ್ನನ್ನೇ ಕೊಂದುಕೊಳ್ಳುವಂತೆ ಮಾಡುತ್ತದೆ. ಟಿ ಕೋಶ ಕಳಚಿಕೊಂಡು ಮುಂದಿನದರ ಬೆನ್ನು ಹತ್ತುತ್ತದೆ.

ಹಾಗಾದರೆ ಔಷಧ ಹೆಚ್ಚು ಸುರಿದರೆ? ಕೋಳಗಳು ವಿಪರೀತ ಹೆಚ್ಚಾದರೆ ಪೊಲೀಸನ ಕೈಗೊಂದು, ಕಳ್ಳನ ಕೈಗೊಂದು ಬೇರೆಬೇರೆ ಬಿದ್ದು ಯಾರೂ ಯಾರಿಗೂ ಕಟ್ಟಿಕೊಳ್ಳುವುದಿಲ್ಲ. ಆದರೆ ಅಷ್ಟು ದೂರ ಹೋಗುವ ಮೊದಲೇ ಜ್ವರ ತಡೆಯುತ್ತದೆ. ಒಮ್ಮೆಗೇ ಎಚ್ಚೆತ್ತ ಟಿ ಕೋಶಗಳ ದೆಸೆಯಿಂದ ಐಎಲ್-6 ಮುಂತಾದ ಸೈಟೊಕೈನ್‌ಗಳು (ಉರಿಯೂತ ಎಬ್ಬಿಸುವ ಸಂದೇಶದ ಪ್ರೋಟೀನುಗಳು) ಉಕ್ಕಿ, ಮೈ 38 ಡಿಗ್ರಿ ದಾಟುತ್ತದೆ, ಕೆಲವರಲ್ಲಿ ರಕ್ತದೊತ್ತಡ, ಆಮ್ಲಜನಕ ಕುಸಿಯುತ್ತವೆ. ಅದಕ್ಕೇ ಮೊದಲ ದಿನ ಬರೀ 1 ಮಿಲಿಗ್ರಾಂ, 8ನೇ ಮತ್ತು 15ನೇ ದಿನ 10, ಆಮೇಲೆ ಎರಡು ವಾರಕ್ಕೊಮ್ಮೆ 10. ಮೊದಲೆರಡು ಡೋಸಿನ ಮುಂಚೆ ಡೆಕ್ಸಾಮೆಥಸೋನ್ ಎಂಬ ಸ್ಟೀರಾಯ್ಡ್ 8 ಮಿಲಿಗ್ರಾಂ, ಮೊದಲ ಮೂರು ಡೋಸಿನ ನಂತರ ಒಂದು ಲೀಟರ್ ಸಲೈನ್. ಜ್ವರವಷ್ಟೇ ಆದರೆ ಪ್ಯಾರಾಸಿಟಮಾಲ್ ಸಾಕು; ಒತ್ತಡ ಬಿದ್ದರೆ ಐಎಲ್-6ರ ಬಾಗಿಲು ಮುಚ್ಚುವ ಟೊಸಿಲಿಜುಮ್ಯಾಬ್. ಮಿದುಳಿಗೆ ಬಿಸಿ ತಟ್ಟಿದೆಯೇ ನೋಡಲು ನರ್ಸ್ ರೋಗಿಯಿಂದ ಒಂದು ವಾಕ್ಯ ಬರೆಸುತ್ತಾರೆ, ನೂರರಿಂದ ಹತ್ತತ್ತು ಕಳೆದು ಎಣಿಸಲು ಹೇಳುತ್ತಾರೆ. ಜ್ವರ ಬಂದರೆ 'ವಿಷ ಏರಿತು' ಎಂದು ಚಿಕಿತ್ಸೆಯನ್ನೇ ಬಿಡುವುದು ತಪ್ಪು, ಆಸ್ಪತ್ರೆಗೆ ಹೇಳದೆ ಮನೆಯಲ್ಲೇ ನುಂಗಿಕೊಂಡು ಕೂರುವುದು ಇನ್ನೂ ದೊಡ್ಡ ತಪ್ಪು.

ಇಂಥ ಅಣು ಕಟ್ಟುವುದೂ ಸಲೀಸಲ್ಲ. 1983ರಲ್ಲಿ ವಿಜ್ಞಾನಿಗಳಾದ ಮಿಲ್‌ಸ್ಟೈನ್ ಮತ್ತು ಕುಯೆಲ್ಲೊ ಎರಡು ಪ್ರತಿಕಾಯಗಳ ತಯಾರಿಯನ್ನು ಒಂದೇ ಕೋಶದಲ್ಲಿ ಬೆಸೆದರು. ಪ್ರತಿಕಾಯ ಎಂದರೆ ಎರಡು ಭಾರದ, ಎರಡು ಹಗುರ ಪ್ರೋಟೀನ್ ಸರಪಳಿಗಳ ಕಟ್ಟು; ಎರಡು ಬಗೆಯ ಭಾರದ ಸರಪಳಿ, ಎರಡು ಬಗೆಯ ಹಗುರ ಸರಪಳಿ ಮನಬಂದಂತೆ ಜೋಡಿಯಾದರೆ ಹತ್ತು ಬಗೆಯ ಅಣುಗಳು, ಬೇಕಾದದ್ದು ಒಂದೇ. ಟಾರ್ಲಾಟಮ್ಯಾಬ್‌ನಲ್ಲಿ ಎರಡೂ ಕೈ, ಪ್ರತಿಕಾಯದ ಬುಡದ ಭಾಗವಾದ ಬಾಲದ ತುಂಡು ಎಲ್ಲ ಸೇರಿ ಒಂದೇ ಸರಪಳಿ, ಅಡ್ಡಜೋಡಿಯ ಪ್ರಶ್ನೆಯೇ ಇಲ್ಲ. ಬಾಲ ಅಲಂಕಾರಕ್ಕಲ್ಲ: ಅದಿಲ್ಲದ ಬ್ಲಿನಾಟುಮೊಮ್ಯಾಬ್ ಎಂಬ ರಕ್ತ ಕ್ಯಾನ್ಸರಿನ ಇಂಥದೇ ಔಷಧ ರಕ್ತದಲ್ಲಿ ಸುಮಾರು ಎರಡು ಗಂಟೆಗೆ ಅರ್ಧವಾಗುವುದರಿಂದ ಅದನ್ನು ಪಂಪಿನಲ್ಲಿ ವಾರಗಟ್ಟಲೆ ಹರಿಸಬೇಕು.

ಮೊದಲ ಕೀಮೊ ಮುಗಿದು ರೋಗ ಮರುಕಳಿಸಿದ 509 ಮಂದಿಯ ಪ್ರಯೋಗದ ಫಲಿತಾಂಶ 2025ರಲ್ಲಿ ಬಂತು: ಕೀಮೊ ಪಡೆದವರ ಬದುಕುಳಿವಿನ ಮಧ್ಯಾಂಕ (ಅರ್ಧ ಮಂದಿ ದಾಟಿದ ಅವಧಿ) 8.3 ತಿಂಗಳು, ಟಾರ್ಲಾಟಮ್ಯಾಬ್ ಪಡೆದವರದು 13.6. ನಾನ್-ಸ್ಮಾಲ್ ಸೆಲ್ ಶ್ವಾಸಕೋಶ ಕ್ಯಾನ್ಸರಿನ ಅಮಿವಾಂಟಮ್ಯಾಬ್ ಎಂಬ ಇನ್ನೊಂದು ಬೈಸ್ಪೆಸಿಫಿಕ್ಕನ್ನು ಇದರೊಂದಿಗೆ ಗೊಂದಲ ಮಾಡಿಕೊಳ್ಳಬಾರದು. ಅದರ ಎರಡೂ ಕೈಗಳು ಕ್ಯಾನ್ಸರ್ ಕೋಶಕ್ಕೇ ಬೀಳುತ್ತವೆ, ಒಂದು ಇಜಿಎಫ್‌ಆರ್ ಎಂಬ ಪ್ರೋಟೀನಿನ ಮೇಲೆ, ಇನ್ನೊಂದು ಮೆಟ್ ಎಂಬುದರ ಮೇಲೆ.