ಅರಿತ್‌ಮ್ಯಾನ್ಸಿ: ಇದು ಲೆಕ್ಕವಲ್ಲ, ಕಣಿ

"ಅರಿತ್‌ಮ್ಯಾನ್ಸಿ ಅಂದರೆ ಮಾಂತ್ರಿಕರ ಅಂಕಗಣಿತ." ಈ ಸಾಲನ್ನು ಎಷ್ಟು ಸಲ ಓದಿದ್ದೇನೋ ಲೆಕ್ಕವಿಲ್ಲ. ಮೊನ್ನೆ ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿ, "ಸೂತ್ರ ಹಾಕಿ ಬೆಂಕಿ ಹಚ್ಚುವ ವಿದ್ಯೆ" ಅಂತ ಯಾರೋ ಬರೆದಿದ್ದರು. ಸಾಕಪ್ಪಾ ಅನ್ನಿಸಿತು.

ಹ್ಯಾರಿ ಪಾಟರ್ ಓದಿದವರಿಗೆ ಈ ಪದ ಹೊಸದಲ್ಲ. ಆ ಕತೆಯ ಮಾಂತ್ರಿಕ ಶಾಲೆಯಲ್ಲಿ ಹ್ಯಾರಿಯ ಗೆಳತಿ ಹರ್ಮಾಯ್ನಿಗೆ ಇದು ಅಚ್ಚುಮೆಚ್ಚಿನ ವಿಷಯ, ಕಲಿಸುವವರು ಪ್ರೊಫೆಸರ್ ವೆಕ್ಟರ್. ಟೀಚರ್ ಹೆಸರೇ ವೆಕ್ಟರ್ ಅಂದ ಮೇಲೆ ಗಣಿತವೇ ಇರಬೇಕು ಅಂತ ನಾವು ಅಂದುಕೊಳ್ಳುತ್ತೇವೆ. ಅಲ್ಲೇ ಎಡವುವುದು.

ಪದ ಬಂದಿದ್ದು ಗ್ರೀಕಿನಿಂದ. ಅರಿತ್ಮೋಸ್ ಅಂದರೆ ಸಂಖ್ಯೆ, ಮಾಂಟೇಯಾ ಅಂದರೆ ಕಣಿ ಹೇಳುವುದು. ಕಣಿ ಹೇಳುವವನು ಮಾಂಟಿಸ್. ಕೈ ಮುಗಿದು ಕೂತ ಹಾಗೆ ಕಾಣುವ ಆ ಹಸಿರು ಹುಳಕ್ಕೆ ಇಂಗ್ಲಿಷಿನಲ್ಲಿ ಇರುವುದೂ ಇದೇ ಹೆಸರು. ನಮ್ಮ 'ಮಂತ್ರ', 'ಮನಸ್ಸು' ಕೂಡ ಇದಕ್ಕೆ ದೂರದ ನೆಂಟರೇ. ಆದರೆ ನೆಂಟಸ್ತನ ಇದೆ ಅಂದ ಮಾತ್ರಕ್ಕೆ ಅರ್ಥ ಒಂದೇ ಅಲ್ಲ. 'ಮ್ಯಾನ್ಸಿ' ಬಾಲ ಇರುವ ಪದಗಳೆಲ್ಲ ಮೂಲದಲ್ಲಿ ಕಣಿಯ ಬಗೆಗಳು. ಅಂಗೈ ನೋಡಿದರೆ ಕೈರೋಮ್ಯಾನ್ಸಿ, ಇಸ್ಪೀಟು ಹಾಕಿದರೆ ಕಾರ್ಟೋಮ್ಯಾನ್ಸಿ, ಉರಿಯುವ ಬೆಂಕಿ ನೋಡಿ ಮುಂದಾಗುವುದನ್ನು ಹೇಳಿದರೆ ಪೈರೋಮ್ಯಾನ್ಸಿ. ನೋಡಿ, ಬೆಂಕಿ ಎಸೆಯುವುದಲ್ಲ.

ಮತ್ತೆ ವಿಡಿಯೋ ಗೇಮುಗಳಲ್ಲಿ ಪೈರೋಮ್ಯಾನ್ಸರ್ ಬೆಂಕಿಯುಂಡೆ ಎಸೆಯುತ್ತಾನಲ್ಲ? ಅದರ ಬಹುಪಾಲು ತಪ್ಪು ನೆಕ್ರೋಮ್ಯಾನ್ಸಿಯದು. ಸತ್ತವರನ್ನು ಕರೆದು ಮುಂದಿನದನ್ನು ಕೇಳುವುದು ಅದರ ಮೂಲ ಅರ್ಥ. ನೆಕ್ರೋಸ್ ಅಂದರೆ ಹೆಣ. ಮಧ್ಯಯುಗದ ಲ್ಯಾಟಿನ್ ಬರೆಯುವವರು ಇದನ್ನು 'ನಿಗ್ರೋಮಾಂಟಿಯಾ' ಮಾಡಿಕೊಂಡರು. ಲ್ಯಾಟಿನ್ನಿನಲ್ಲಿ ನೀಗರ್ ಅಂದರೆ ಕಪ್ಪು. ಹೆಣದ ಕಣಿ ಹೋಗಿ ಕಪ್ಪು ವಿದ್ಯೆ ಬಂತು, ಅಂದರೆ ಮಾಟ. ಅದರ ಬಾಲಕ್ಕೂ ಮಾಟದ ಅರ್ಥ ಅಂಟಿಕೊಂಡಿತು. ಈಗ ಯಾವ ಪದಕ್ಕೆ 'ಮ್ಯಾನ್ಸರ್' ಸೇರಿಸಿದರೂ ಒಬ್ಬ ಮಂತ್ರವಾದಿ ರೆಡಿ.

ಅರಿತ್‌ಮ್ಯಾನ್ಸಿಯಲ್ಲಿ ಹಳೆಯ ಅರ್ಥವೇ ಉಳಿದಿದೆ. ಸಂಖ್ಯೆ ಹಿಡಿದು ಭವಿಷ್ಯ ಹೇಳುವುದು, ಅಷ್ಟೇ. ತಮಾಷೆ ಏನೆಂದರೆ, ಚಹಾ ಸೊಪ್ಪು ನೋಡಿ ಭವಿಷ್ಯ ಹೇಳುವ ತರಗತಿ ಹರ್ಮಾಯ್ನಿಗೆ ಕಸ. ಅರಿತ್‌ಮ್ಯಾನ್ಸಿ ಮಾತ್ರ ಭಾರಿ ವಿದ್ಯೆ. ಎರಡೂ ಕಣಿಯೇ ಅಲ್ವಾ? ಒಂದರಲ್ಲಿ ಕೋಷ್ಟಕ ಇದೆ ಅಂತ ಮರ್ಯಾದೆ ಜಾಸ್ತಿ.

ಹಾಗಾದರೆ ಕನ್ನಡದಲ್ಲಿ 'ಸಂಖ್ಯಾಶಾಸ್ತ್ರ' ಅನ್ನೋಣ ಅನ್ನುವವರಿದ್ದಾರೆ. ದಯವಿಟ್ಟು ಬೇಡ. ಆ ಪದಕ್ಕೆ ಈಗಲೇ ಎರಡು ಸಂಸಾರ. ಪಿಯುಸಿಯಲ್ಲಿ ಸಂಖ್ಯಾಶಾಸ್ತ್ರ ಅಂದರೆ ಸ್ಟಾಟಿಸ್ಟಿಕ್ಸ್. ಟಿವಿಯ ಬೆಳಗಿನ ಕಾರ್ಯಕ್ರಮದಲ್ಲಿ ಅದೇ ಪದ ಹೆಸರಿಗೆ ಇನ್ನೊಂದು 'ಎ' ಸೇರಿಸಿ ಅನ್ನುವವರದ್ದು. ಅದೂ ಇಂಗ್ಲಿಷ್ ಸ್ಪೆಲಿಂಗಿಗೆ! ಕನ್ನಡದಲ್ಲಿ ಬರೆದರೆ ಹೆಸರು ಹಾಗೇ ಇರುತ್ತದೆ, ಅದೃಷ್ಟ ಬದಲಾಗುವುದು ಇಂಗ್ಲಿಷಿನಲ್ಲಿ ಮಾತ್ರ. ಹೆಸರಿನ ಅಕ್ಷರಗಳಿಗೆ ಅಂಕಿ ಕೊಟ್ಟು, ಅವನ್ನು ಕೂಡಿಸಿ ಕೂಡಿಸಿ ಒಂದೇ ಅಂಕಿಗೆ ಇಳಿಸುತ್ತಾರಲ್ಲ, ಅದು 9ರಿಂದ ಭಾಗಿಸಿ ಶೇಷ ನೋಡಿದ ಹಾಗೆ. ಶೇಷ ಸೊನ್ನೆ ಬಂದರೆ 9 ಅನ್ನುತ್ತಾರೆ. ಇಡೀ ವಿದ್ಯೆಯಲ್ಲಿರುವ ಗಣಿತ ಇಷ್ಟೇ.

ಇನ್ನು ಕೆಲವರು ಕಟಪಯಾದಿಯನ್ನು, ಅಂದರೆ ಅಕ್ಷರಗಳಲ್ಲಿ ಸಂಖ್ಯೆ ಅಡಗಿಸಿಡುವ ನಮ್ಮ ಹಳೆಯ ಪದ್ಧತಿಯನ್ನು, ಎಳೆದು ತರುತ್ತಾರೆ. ಅದರಲ್ಲೂ ಅಕ್ಷರಕ್ಕೆ ಅಂಕಿ ಇದೆ, ನಿಜ. ಮೇಚಕಲ್ಯಾಣಿ ರಾಗದ ಹೆಸರಿನಲ್ಲಿ 'ಮ' 5, 'ಚ' 6, ತಿರುಗಿಸಿ ಓದಿದರೆ 65. ಅದು ಕರ್ನಾಟಕ ಸಂಗೀತದ 65ನೇ ಮೇಳಕರ್ತ, ಅಂದರೆ ಮೂಲ ರಾಗ. ಧೀರಶಂಕರಾಭರಣ ಇದೇ ಲೆಕ್ಕದಲ್ಲಿ 29. ಇಲ್ಲಿ ಯಾರೂ ಯಾರ ಮದುವೆ ಯಾವಾಗ ಅಂತ ಹೇಳುತ್ತಿಲ್ಲ. ಇದು ನೆನಪಿಡುವ ಉಪಾಯ. ಇದಕ್ಕೂ ಕಣಿಗೂ ಸಂಬಂಧವಿಲ್ಲ.

ಕನ್ನಡದ ಪದವೇ ಬೇಕು ಅಂದರೆ 'ಅಂಕಿ ಕಣಿ' ಅನ್ನಬಹುದು. ಕೊರವಂಜಿಗೂ ಅರ್ಥವಾಗುತ್ತದೆ. ಆದರೆ ಬಿಡಿಸಿಯೇ ಬರೆಯಿರಿ. ಸಂಧಿ ಮಾಡಿದರೆ 'ಅಂಕಿಗಣಿ' ಆಗಿ ಸುಮ್ನೆ ಬಳ್ಳಾರಿ ನೆನಪಾಗುತ್ತದೆ.