ಹಿಮಚಿರತೆಗೆ ಮೊದಲು ಓತಿಕ್ಯಾತ: ಮಕ್ಕಳಿಗೆ ಬೆಟ್ಟದ ಜೀವಿಗಳ ಪರಿಚಯ

ಪುಟ್ಟ ಮಕ್ಕಳ ಚಿತ್ರಪುಸ್ತಕಗಳಲ್ಲಿ ಪರ್ವತದ ಪ್ರಾಣಿಗಳ ಪುಟ ತೆರೆದರೆ ಸಾಮಾನ್ಯವಾಗಿ ಕಾಣುವುದು ಹಿಮಚಿರತೆ, ಯಾಕ್, ದೊಡ್ಡ ಕೊಂಬಿನ ಕಾಡುಮೇಕೆ ಮತ್ತು ಅವುಗಳ ಹಿಂದೆ ಬೆಳ್ಳಗಿನ ಶಿಖರಸಾಲು. ಬೆಂಗಳೂರಿನಲ್ಲಿ ಬೆಳೆಯುವ ಮಗು ಆ ಪುಟವನ್ನು ಸಂತೋಷದಿಂದಲೇ ನೋಡುತ್ತದೆ, ಹೆಸರುಗಳನ್ನು ಬಾಯಿಪಾಠ ಮಾಡುತ್ತದೆ. ಆದರೆ ಬೆಟ್ಟವೆಂದರೆ ಹಿಮ, ಬೆಟ್ಟದ ಪ್ರಾಣಿಯೆಂದರೆ ತಾನೆಂದೂ ಕಾಣಲಾಗದ ದೂರದ ಪ್ರಾಣಿ ಎಂಬ ಭಾವನೆಯೂ ಅದರ ಮನಸ್ಸಿನಲ್ಲಿ ಗಟ್ಟಿಯಾಗಿಬಿಡುತ್ತದೆ. ಅದೇ ಮಗು ಲಾಲ್‌ಬಾಗಿನ ಬಂಡೆಯನ್ನು ಹತ್ತಿ ಇಳಿದಿರುತ್ತದೆ, ರಜೆಯಲ್ಲಿ ನಂದಿಬೆಟ್ಟಕ್ಕೂ ಹೋಗಿ ಬಂದಿರುತ್ತದೆ. ಪುಸ್ತಕದ ಬೆಟ್ಟವನ್ನೂ ಕಾಲಡಿಯ ಬೆಟ್ಟವನ್ನೂ ಬೆಸೆಯಬೇಕಾದರೆ ಪ್ರಾಣಿಯ ಹೆಸರಿಗಿಂತ ಮೊದಲು, ಬೆಟ್ಟ ಆ ಪ್ರಾಣಿಗೆ ಒಡ್ಡುವ ಕಷ್ಟವನ್ನು ಮಗುವಿಗೆ ತಿಳಿಸಬೇಕೆಂದು ನನಗೆ ಅನಿಸುತ್ತದೆ. ಕಷ್ಟ ಅರ್ಥವಾದ ಮಗು ಪ್ರಾಣಿಯ ಗೊರಸು, ಬಾಲ, ತುಪ್ಪಳಗಳನ್ನು ಬೇರೆಯದೇ ಕುತೂಹಲದಿಂದ ನೋಡತೊಡಗುತ್ತದೆ.

ಎತ್ತರದ ಕಷ್ಟಗಳಲ್ಲಿ ಚಳಿಯನ್ನು ವಿವರಿಸುವುದು ಸುಲಭ. ಪ್ರತಿ 1,000 ಮೀಟರ್ ಮೇಲೇರಿದಂತೆ ಗಾಳಿಯ ಉಷ್ಣಾಂಶ ಸರಾಸರಿ 6.5 ಡಿಗ್ರಿ ಸೆಲ್ಸಿಯಸ್ ಇಳಿಯುತ್ತದೆ ಎಂದರೆ ಸ್ವೆಟರ್ ಹಾಕಿಕೊಂಡು ನಂದಿಬೆಟ್ಟದಲ್ಲಿ ಸೂರ್ಯೋದಯ ನೋಡಿದ ಮಕ್ಕಳಿಗೆ ತಕ್ಷಣ ತಿಳಿಯುತ್ತದೆ. ಗಾಳಿ ತೆಳುವಾಗುವುದನ್ನು ಮಾತ್ರ ಮಾತಿನಲ್ಲಿ ಹೇಳಿ ಪ್ರಯೋಜನವಿಲ್ಲ, ತೋರಿಸಬೇಕು. ಬೆಂಗಳೂರು ಸಮುದ್ರಮಟ್ಟದಿಂದ ಸುಮಾರು 920 ಮೀಟರ್ ಎತ್ತರದಲ್ಲಿದೆ. ಚಿಕ್ಕಮಗಳೂರಿನ ಮುಳ್ಳಯ್ಯನಗಿರಿಯ ಎತ್ತರ ಸುಮಾರು 1,930 ಮೀಟರ್. ಇಲ್ಲಿ ಕೊಂಡ ಚಿಪ್ಸ್ ಪೊಟ್ಟಣವನ್ನು ಒಡೆಯದೆ ಅಲ್ಲಿಗೆ ಕೊಂಡೊಯ್ದರೆ ಅದು ಬಿಗಿಯಾಗಿ ಉಬ್ಬಿಕೊಂಡಿರುತ್ತದೆ, ಏಕೆಂದರೆ ಒಳಗಿನ ಗಾಳಿ ಬೆಂಗಳೂರಿನದು, ಅದನ್ನು ಹೊರಗಿನಿಂದ ಒತ್ತುವ ಗಾಳಿ ಬೆಟ್ಟದ್ದು. (ಪೊಟ್ಟಣವನ್ನು ಮರಳಿ ಮನೆಗೇ ತರಬೇಕೆಂಬುದನ್ನೂ ಆಗಲೇ ಹೇಳಿಕೊಡಬೇಕು.) ಸುಮಾರು 5,500 ಮೀಟರ್ ಎತ್ತರದಲ್ಲಿ ಗಾಳಿಯ ಒತ್ತಡ ಸಮುದ್ರಮಟ್ಟದ ಅರ್ಧಕ್ಕೆ ಇಳಿದಿರುತ್ತದೆ, ಆದ್ದರಿಂದ ಅಲ್ಲಿ ಎಳೆದುಕೊಂಡ ಒಂದು ಉಸಿರಿನಲ್ಲಿ ಸಿಗುವ ಆಮ್ಲಜನಕವೂ ಅರ್ಧದಷ್ಟೇ.

ಚಳಿಯೂ ತೆಳುಗಾಳಿಯೂ ಇಲ್ಲದ ನಮ್ಮ ಕಲ್ಲುಗುಡ್ಡಗಳ ಕಷ್ಟ ಬೇರೆ. ಲಾಲ್‌ಬಾಗಿನ ಬಂಡೆ ಸುಮಾರು 300 ಕೋಟಿ ವರ್ಷ ಹಳೆಯದು; ಅದರ ಮೇಲೆ ಏಪ್ರಿಲ್ ತಿಂಗಳ ನಡುಮಧ್ಯಾಹ್ನ ಅಂಗೈಯಿಟ್ಟರೆ ಕಲ್ಲುಗುಡ್ಡದ ಬದುಕು ಎಂಥದ್ದೆಂದು ಮಕ್ಕಳಿಗೆ ತಿಳಿಯುತ್ತದೆ: ನೆರಳಿಲ್ಲ, ನೀರಿಲ್ಲ, ಹದ್ದಿನ ಕಣ್ಣಿಗೆ ಮರೆಯಿಲ್ಲ. ಇಂಥ ಬಂಡೆಗಳನ್ನೇ ಮನೆಮಾಡಿಕೊಂಡ ಒಂದು ಓತಿಕ್ಯಾತ ಬೆಂಗಳೂರಿನ ಸುತ್ತಲಿನ ಗುಡ್ಡಗಳಲ್ಲಿದೆ. ನಗರದ ಹೊರವಲಯದ ಕಾಂಪೌಂಡ್ ಗೋಡೆಗಳ ಮೇಲೂ ಕಾಣಸಿಗುತ್ತದೆ. ವರ್ಷದ ಬಹುಭಾಗ ಕಲ್ಲಿನ ಬಣ್ಣದಲ್ಲೇ ಅಡಗಿರುವ ಇದರ ಗಂಡು, ಸಂತಾನಕಾಲದಲ್ಲಿ ಬೆನ್ನಿನ ಮೇಲೆ ಉಜ್ವಲ ಬಣ್ಣ ತಳೆದು ಬಂಡೆಯ ತುದಿಯಲ್ಲಿ ಕುಳಿತು ತಲೆ ಆಡಿಸುತ್ತದೆ. ಹೆಣ್ಣು ಎದುರಾದಾಗ ಒಂದು ಬಣ್ಣ, ಎದುರಾಳಿ ಗಂಡು ಬಂದಾಗ ಇನ್ನೊಂದು. ಬದಲಾವಣೆಗೆ ಹೆಚ್ಚು ಹೊತ್ತು ಬೇಕಿಲ್ಲ, ಮಗು ನೋಡುತ್ತಿರುವಂತೆಯೇ ಅದು ನಡೆದುಹೋಗುತ್ತದೆ. ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯ ಸಂಶೋಧಕರು ಈ ಬಣ್ಣಗಳನ್ನು ಅಳೆದು ಅಧ್ಯಯನ ಮಾಡಿದ್ದಾರೆ, ಹಳ್ಳಿಗಾಡಿನ ಓತಿಕ್ಯಾತಗಳನ್ನು ನಗರದಂಚಿನವುಗಳ ಜೊತೆ ಹೋಲಿಸಿಯೂ ನೋಡಿದ್ದಾರೆ. ವಿಜ್ಞಾನಿಗಳು ವರ್ಷಗಟ್ಟಲೆ ಗಮನಿಸಿದ ಜೀವಿಯೊಂದು ತಮ್ಮ ಬಡಾವಣೆಯ ಗೋಡೆಯ ಮೇಲೇ ಕುಳಿತಿರಬಹುದು ಎಂಬುದನ್ನು ಮಕ್ಕಳಿಗೆ ತಪ್ಪದೆ ಹೇಳಬೇಕು. ಹಿಮಚಿರತೆಯ ಪುಟವನ್ನು ಆಮೇಲೆ ತೆರೆಯಬಹುದು.

ರಾಮನಗರದ ರಾಮದೇವರಬೆಟ್ಟ ಬೆಂಗಳೂರಿನಿಂದ ಸುಮಾರು 50 ಕಿಲೋಮೀಟರ್ ದೂರದಲ್ಲಿದೆ. 2012ರಲ್ಲಿ ರಣಹದ್ದುಗಳ ಅಭಯಾರಣ್ಯವಾಗಿ ಘೋಷಿತವಾದ ಈ ಬೆಟ್ಟದ ಕಡಿದಾದ ಬಂಡೆಗೋಡೆಗಳೇ ಉದ್ದ ಕೊಕ್ಕಿನ ರಣಹದ್ದು ಗೂಡು ಕಟ್ಟುವ ತಾಣ. ಭಾರವಾದ ಈ ಹಕ್ಕಿ ರೆಕ್ಕೆ ಬಡಿದು ಬಹುದೂರ ಹಾರಲಾರದು. ಬಿಸಿಲಿಗೆ ಬಂಡೆ ಕಾದು, ಅದಕ್ಕೆ ತಾಗಿದ ಗಾಳಿ ಮೇಲೇರುವವರೆಗೂ ಕಾದಿದ್ದು, ಆ ಗಾಳಿಯಲ್ಲಿ ಸುತ್ತುತ್ತಾ ಸುತ್ತುತ್ತಾ ಎತ್ತರಕ್ಕೆ ಏರುತ್ತದೆ. ಬರಿಗೈಯಲ್ಲಿ ಮುಟ್ಟಲಾಗದ ಆ ಬಿಸಿ ಕಲ್ಲೇ ಹಕ್ಕಿಯನ್ನು ಮೇಲೆತ್ತುತ್ತದೆ ಎಂಬುದು ಮಕ್ಕಳಿಗೆ ಬಹಳ ಇಷ್ಟವಾಗುವ ಸಂಗತಿ. ಜಾನುವಾರುಗಳಿಗೆ ಕೊಡುತ್ತಿದ್ದ ಡೈಕ್ಲೋಫಿನಾಕ್ ಎಂಬ ನೋವುನಿವಾರಕ ಔಷಧ, ಸತ್ತ ದನಗಳ ಮಾಂಸದ ಮೂಲಕ ರಣಹದ್ದುಗಳ ಹೊಟ್ಟೆ ಸೇರಿ ಅವುಗಳ ಮೂತ್ರಪಿಂಡವನ್ನು ಕೆಡಿಸಿತು. ಪಶುವೈದ್ಯಕೀಯದಲ್ಲಿ ಅದರ ಬಳಕೆಯನ್ನು ಭಾರತ 2006ರಲ್ಲಿ ನಿಷೇಧಿಸಿದರೂ ಹಕ್ಕಿಗಳ ಸಂಖ್ಯೆ ಇನ್ನೂ ಚೇತರಿಸಿಲ್ಲ. ಇದನ್ನು ಮಕ್ಕಳಿಂದ ಮುಚ್ಚಿಡಬೇಕಾಗಿಲ್ಲ. ಬೈನಾಕ್ಯುಲರ್ ಹಿಡಿದು ಬಂಡೆಗೋಡೆಯನ್ನೇ ಬಹಳ ಹೊತ್ತು ನೋಡಿದರೂ ಒಂದೂ ಹಕ್ಕಿ ಕಾಣದಿದ್ದಾಗ, ಅದಕ್ಕೆ ಕಾರಣವನ್ನು ತಿಳಿಯುವ ಹಕ್ಕು ಮಗುವಿಗಿದೆ. ನಂದಿಬೆಟ್ಟಕ್ಕೆ ಹೋದಾಗಲೂ ಅಷ್ಟೇ: ಕೋತಿಗಳಿಗೆ ತಿಂಡಿ ಎಸೆಯುವುದನ್ನು ಬಿಟ್ಟು ಬಂಡೆಗಳ ನಡುವಿನ ಕುರುಚಲು ಗಿಡಗಳತ್ತ ಕಣ್ಣು ಹಾಯಿಸಿದರೆ, ದಕ್ಷಿಣ ಭಾರತದ ಕಲ್ಲುಗುಡ್ಡಗಳಲ್ಲಲ್ಲದೆ ಜಗತ್ತಿನ ಬೇರೆಲ್ಲೂ ಇಲ್ಲದ ಹಳದಿ ಕೊರಳಿನ ಪಿಕಳಾರ ಕಾಣಬಹುದು.

ಇನ್ನೂ ಎತ್ತರಕ್ಕೆ, ಕೇರಳ ಮತ್ತು ತಮಿಳುನಾಡಿನ ಹುಲ್ಲುಗಾವಲಿನ ಶಿಖರಗಳಿಗೆ ಹೋದರೆ ನೀಲಗಿರಿ ತಾರ್ ಎಂಬ ಕಾಡು ಆಡು ಸಿಗುತ್ತದೆ. ಪಶ್ಚಿಮ ಘಟ್ಟಗಳ ಅತ್ಯುನ್ನತ ಶಿಖರವಾದ, 2,695 ಮೀಟರ್ ಎತ್ತರದ ಆನೈಮುಡಿ ಇರುವ ಎರವಿಕುಲಂ ರಾಷ್ಟ್ರೀಯ ಉದ್ಯಾನದಲ್ಲಿ ಇದನ್ನು ಹತ್ತಿರದಿಂದಲೇ ನೋಡಬಹುದು. ಅದು ನಿಂತಾಗ ಮುಖಕ್ಕಿಂತ ಮೊದಲು ಕಾಲನ್ನು ನೋಡುವಂತೆ ಮಗುವಿಗೆ ಹೇಳಬೇಕು. ಗೊರಸಿನ ಅಂಚು ಗಟ್ಟಿ, ಒಳಭಾಗ ಮೆತ್ತಗೆ. ಒಳ್ಳೆಯ ಚಾರಣದ ಬೂಟಿನ ಅಟ್ಟೆಯಂತೆ ಅಂಚು ಕಲ್ಲಿನ ಸಂದಿಗೆ ಕಚ್ಚಿಕೊಂಡರೆ ಒಳಭಾಗ ನುಣುಪಾದ ಬಂಡೆಯನ್ನು ಹಿಡಿದುಕೊಳ್ಳುತ್ತದೆ. ಗೊರಸಿನ ಎರಡು ಹೋಳುಗಳೂ ಬೇರೆಬೇರೆಯಾಗಿ ಅಗಲಿ, ಸಮತಟ್ಟಲ್ಲದ ಕಲ್ಲಿಗೆ ಹೊಂದಿಕೊಳ್ಳುತ್ತವೆ. ಬಯಲಲ್ಲಿ ಮೇಯುತ್ತಿರುವ ಹಿಂಡು ಚಿರತೆಯ ಅಥವಾ ಕಾಡುನಾಯಿಯ ಸುಳಿವು ಸಿಕ್ಕೊಡನೆ ಓಡುವುದು ಕಾಡಿನ ಕಡೆಗಲ್ಲ, ಪ್ರಪಾತದ ಕಡೆಗೆ. ಬೆನ್ನಟ್ಟುವ ಪ್ರಾಣಿ ಕಾಲಿಡಲು ಅಂಜುವ ಜಾಗವೇ ಇದಕ್ಕೆ ಸುರಕ್ಷಿತ. ಹಿಮಾಲಯದ ತಾರ್‌ನ ಹತ್ತಿರದ ನಂಟ ಎಂದು ಬಹುಕಾಲ ಭಾವಿಸಲಾಗಿದ್ದ ಈ ಪ್ರಾಣಿ ವಂಶವಾಹಿಗಳ ಲೆಕ್ಕದಲ್ಲಿ ಕುರಿಗಳಿಗೆ ಹತ್ತಿರದ್ದೆಂದು ತಿಳಿದ ಮೇಲೆ, 2005ರಲ್ಲಿ ಅದಕ್ಕೆಂದೇ ಪ್ರತ್ಯೇಕ ಕುಲವನ್ನು ರಚಿಸಲಾಯಿತು. ಫೆಬ್ರವರಿ ಮತ್ತು ಮಾರ್ಚ್ ತಿಂಗಳುಗಳಲ್ಲಿ ಮರಿಗಳು ಹುಟ್ಟುವ ಕಾರಣ ಸಾಮಾನ್ಯವಾಗಿ ಎರವಿಕುಲಂ ಪ್ರವಾಸಿಗರಿಗೆ ಮುಚ್ಚಿರುತ್ತದೆ. ಪ್ರವಾಸದ ದಿನ ಗೊತ್ತುಮಾಡುವಾಗಲೇ ಈ ಕಾರಣವನ್ನು ಮಕ್ಕಳೊಂದಿಗೆ ಮಾತಾಡಬಹುದು.

ಇಷ್ಟಾದ ಮೇಲೆ ಹಿಮಚಿರತೆಯ ಚಿತ್ರವನ್ನು ಮಗುವಿನ ಮುಂದಿಟ್ಟರೆ ಪ್ರಶ್ನೆಗಳನ್ನು ಅದೇ ಕೇಳುತ್ತದೆ. ಬಾಲ ಏಕೆ ಹೆಚ್ಚುಕಡಿಮೆ ದೇಹದಷ್ಟೇ ಉದ್ದ? ಕಡಿದಾದ ಇಳಿಜಾರಿನಲ್ಲಿ ಬೇಟೆಯ ಹಿಂದೆ ಜಿಗಿಯುವಾಗ ತೂಕ ಸರಿದೂಗಿಸಲು, ಮತ್ತು ಮಲಗಿದಾಗ ಮೂಗಿನ ಸುತ್ತ ಹೊದ್ದುಕೊಳ್ಳಲು. ಪಾದಗಳು ಅಗಲವಾಗಿ, ಅಡಿಯಲ್ಲೂ ಕೂದಲಿರುವುದರಿಂದ ಹಿಮದಲ್ಲಿ ಹೂತುಹೋಗುವುದು ಕಡಿಮೆ. ಕಿವಿ ಚಿಕ್ಕದಾದ್ದರಿಂದ ಶಾಖದ ನಷ್ಟ ಕಡಿಮೆ. ಮೂಗಿನ ಒಳಗಿನ ಕುಳಿ ದೊಡ್ಡದಾದ್ದರಿಂದ ಕೊರೆಯುವ ಗಾಳಿ ಶ್ವಾಸಕೋಶ ತಲುಪುವ ಮುನ್ನ ಬೆಚ್ಚಗಾಗುತ್ತದೆ. ಭಾರತದಲ್ಲಿ ನಡೆದ ಮೊದಲ ವ್ಯವಸ್ಥಿತ ಗಣತಿಯ ಫಲಿತಾಂಶ 2024ರ ಜನವರಿಯಲ್ಲಿ ಪ್ರಕಟವಾಯಿತು: ಒಟ್ಟು 718 ಹಿಮಚಿರತೆಗಳು, ಅವುಗಳಲ್ಲಿ 477 ಲಡಾಖ್‌ನಲ್ಲಿ. ಆ ಕೆಲಸದಲ್ಲಿ ಪಾಲ್ಗೊಂಡ ಸಂಸ್ಥೆಗಳಲ್ಲಿ ಒಂದಾದ ನೇಚರ್ ಕನ್ಸರ್ವೇಷನ್ ಫೌಂಡೇಷನ್ ನಮ್ಮ ಮೈಸೂರಿನದು. ಮೈಮೇಲಿನ ಮಚ್ಚೆಗಳು ಒಂದರಂತೆ ಇನ್ನೊಂದಕ್ಕೆ ಇರುವುದಿಲ್ಲವಾದ್ದರಿಂದ ಕ್ಯಾಮೆರಾ ಟ್ರ್ಯಾಪ್ (ಪ್ರಾಣಿ ಹಾದುಹೋದಾಗ ತಾನಾಗಿ ಚಿತ್ರ ತೆಗೆಯುವ ಕ್ಯಾಮೆರಾ) ಚಿತ್ರಗಳಿಂದ ಪ್ರತಿಯೊಂದನ್ನೂ ಗುರುತಿಸಬಹುದು. ಇಂಥ ಎರಡು ಚಿತ್ರಗಳನ್ನು ಕೊಟ್ಟು ಒಂದೇ ಪ್ರಾಣಿಯೋ ಬೇರೆಯೋ ಕಂಡುಹಿಡಿಯಲು ಹೇಳಿದರೆ ಮಕ್ಕಳು ದೊಡ್ಡವರಿಗಿಂತ ತಾಳ್ಮೆಯಿಂದ ನೋಡುತ್ತಾರೆ.

ಎತ್ತರದ ಬದುಕಿನ ಕೌತುಕಗಳಲ್ಲಿ ನನಗೆ ಅತ್ಯಂತ ಪ್ರಿಯವಾದುದು ಪಟ್ಟೆ ತಲೆಯ ಹೆಬ್ಬಾತು. ಬಿಳಿ ತಲೆಯ ಹಿಂಭಾಗದಲ್ಲಿ ಎರಡು ಕಪ್ಪು ಪಟ್ಟೆಗಳಿರುವ ಈ ಹಕ್ಕಿ ಲಡಾಖ್, ಟಿಬೆಟ್ ಮತ್ತು ಮಂಗೋಲಿಯಾದ ಸರೋವರಗಳ ಬಳಿ ಮರಿ ಮಾಡಿ, ಚಳಿಗಾಲಕ್ಕೆ ಹಿಮಾಲಯ ದಾಟಿ ಕರ್ನಾಟಕದವರೆಗೂ ಬರುತ್ತದೆ. ಅದರ ಹಿಮೋಗ್ಲೋಬಿನ್ ಬೇರೆ ಬಾತುಗಳದ್ದಕ್ಕಿಂತ ಬಿಗಿಯಾಗಿ ಆಮ್ಲಜನಕವನ್ನು ಹಿಡಿದುಕೊಳ್ಳುತ್ತದೆ, ಶ್ವಾಸಕೋಶ ದೊಡ್ಡದು, ರೆಕ್ಕೆಯ ಸ್ನಾಯುಗಳಲ್ಲಿ ರಕ್ತದ ಕಿರುನಾಳಗಳು ದಟ್ಟವಾಗಿವೆ. ಬೆನ್ನಿಗೆ ಕಟ್ಟಿದ ಉಪಕರಣಗಳಿಂದ ತಿಳಿದಂತೆ ಇವು 7,000 ಮೀಟರ್ ಮೀರಿಯೂ ಹಾರಿವೆ. ಆದರೂ ಒಮ್ಮೆ ಮೇಲೇರಿದ ಮೇಲೆ ಅಲ್ಲೇ ಉಳಿಯುವುದಿಲ್ಲ. ಕಣಿವೆ ಬಂದಾಗ ಇಳಿದು, ಪರ್ವತ ಬಂದಾಗ ಮತ್ತೆ ಏರಿ, ನೆಲದ ಏರಿಳಿತವನ್ನೇ ಅನುಸರಿಸುತ್ತವೆ. ದಟ್ಟವಾದ ಗಾಳಿಯಲ್ಲಿ ಹಾರಲು ಶಕ್ತಿ ಕಡಿಮೆ ಸಾಕಾಗುವುದರಿಂದ, ಹೆಚ್ಚೆಂದು ಕಾಣುವ ಈ ಶ್ರಮ ಕೊನೆಗೆ ಅವಕ್ಕೆ ಲಾಭವೇ.

ಈ ಹೆಬ್ಬಾತುಗಳನ್ನು ನೋಡಲು ಒಳ್ಳೆಯ ಜಾಗ ಅಂತರರಾಷ್ಟ್ರೀಯ ಮಹತ್ವದ ಜೌಗುಪ್ರದೇಶಗಳ ರಾಮ್‌ಸಾರ್ ಪಟ್ಟಿಗೆ 2024ರಲ್ಲಿ ಸೇರಿದ ಮಾಗಡಿ ಕೆರೆ. ಬೆಂಗಳೂರಿಗೆ ಹತ್ತಿರದ ಕೆಂಪೇಗೌಡರ ಮಾಗಡಿಯಲ್ಲ, ಗದಗ ಜಿಲ್ಲೆಯದು. ಹಗಲಿನಲ್ಲಿ ನೀರಿನಲ್ಲಿ ವಿಶ್ರಮಿಸುವ ಹಿಂಡುಗಳು ಮೇವಿಗಾಗಿ ಸುತ್ತಲಿನ ಹೊಲಗಳಿಗೆ ಹೋಗಿಬರುತ್ತವೆ. ಬೇಸಿಗೆ ರಜೆಯಲ್ಲಿ ನೋಡೋಣವೆಂದು ಮುಂದೂಡಿದರೆ ಅಷ್ಟರಲ್ಲಿ ಅವು ಉತ್ತರಕ್ಕೆ ಹೊರಟುಹೋಗಿರುತ್ತವೆ. ಡಿಸೆಂಬರ್ ಅಥವಾ ಜನವರಿಯ ಒಂದು ವಾರಾಂತ್ಯವನ್ನೇ ಇದಕ್ಕಾಗಿ ಎತ್ತಿಡಬೇಕು, ಮನೆಗೊಂದಾದರೂ ಬೈನಾಕ್ಯುಲರ್ ಜೊತೆಗಿರಬೇಕು.