ಅದಿರಿದ್ದರೆ ಸಾಕೇ? ಆಫ್ರಿಕಾದ ತಯಾರಿಕಾ ವಲಯ: ಅಧ್ಯಯನ ಟಿಪ್ಪಣಿ

ಆಫ್ರಿಕಾದ ಕೈಗಾರಿಕೆಯ ಬಗ್ಗೆ ಪ್ರಶ್ನೆ ಬಂದರೆ ಹೆಚ್ಚಿನ ಉತ್ತರಗಳು ಒಂದೇ ಜಾಡು ಹಿಡಿಯುತ್ತವೆ: ಖನಿಜ ಹೇರಳ, ವಸಾಹತು ಆಳ್ವಿಕೆ, ಕಚ್ಚಾವಸ್ತುವಿನ ರಫ್ತು, ಹಾಗಾಗಿ ಕಾರ್ಖಾನೆಗಳಿಲ್ಲ. ಇದರಲ್ಲಿ ಸುಳ್ಳಿಲ್ಲ. ಆದರೆ ಗಿನಿಯಲ್ಲಿ ಜಗತ್ತಿನ ಅತಿದೊಡ್ಡ ಬಾಕ್ಸೈಟ್ (ಅಲ್ಯೂಮಿನಿಯಂ ಅದಿರು) ನಿಕ್ಷೇಪವಿದ್ದೂ ಅಲ್ಯೂಮಿನಿಯಂ ಲೋಹ ತೆಗೆಯುವ ಘಟಕ ಒಂದೂ ಇಲ್ಲ. ಅದಿರನ್ನು ಹೊರಗಿನಿಂದ ತರಿಸಬೇಕಾದ ಮೊಜಾಂಬಿಕ್‌ನಲ್ಲಿ ವರ್ಷಕ್ಕೆ ಐದು ಲಕ್ಷ ಟನ್ ಮೀರಿದ ಸಾಮರ್ಥ್ಯದ ಘಟಕ ಎದ್ದಿತು. ಇದಕ್ಕೆ ಆ ಉತ್ತರದಲ್ಲಿ ಕಾರಣ ಸಿಗುವುದಿಲ್ಲ. ಆದ್ದರಿಂದ ಅದಿರನ್ನು ಸ್ವಲ್ಪ ಬದಿಗಿಟ್ಟು ಕರೆಂಟು, ಸಾಗಣೆ, ಸುಂಕ, ಮಾರುಕಟ್ಟೆಯ ಗಾತ್ರ ಈ ನಾಲ್ಕನ್ನು ಲೆಕ್ಕ ಹಾಕೋಣ.

ಮೊದಲು ಅಂಕಿಗಳನ್ನು ಓದುವ ಬಗೆ

ಜಗತ್ತಿನ ಜನಸಂಖ್ಯೆಯಲ್ಲಿ ಆಫ್ರಿಕಾದ ಪಾಲು ಸುಮಾರು ಶೇ. 18, ಜಗತ್ತಿನ ತಯಾರಿಕೆಯಲ್ಲಿ ಅದರ ಪಾಲು ಶೇ. 2ರ ಆಸುಪಾಸು. ಸಹಾರಾದ ದಕ್ಷಿಣಕ್ಕಿರುವ ದೇಶಗಳನ್ನು ಒಟ್ಟಾಗಿ ನೋಡಿದರೆ ಜಿಡಿಪಿಯಲ್ಲಿ ತಯಾರಿಕಾ ವಲಯದ ಪಾಲು ಶೇ. 10ರಿಂದ 12. 1980ರ ಸುಮಾರಿಗೆ ಇದು ಇದಕ್ಕಿಂತ ಸಾಕಷ್ಟು ಹೆಚ್ಚಿತ್ತು. ಶ್ರೀಮಂತರಾಗುವ ಮೊದಲೇ ಕಾರ್ಖಾನೆಗಳ ಪಾಲು ಇಳಿಯುವ ಇದನ್ನು ಅರ್ಥಶಾಸ್ತ್ರಜ್ಞರು, ಮುಖ್ಯವಾಗಿ ಡ್ಯಾನಿ ರೋಡ್ರಿಕ್, ‘ಅಕಾಲಿಕ ನಿರುದ್ಯಮೀಕರಣ’ ಎಂದು ಚರ್ಚಿಸುತ್ತಾರೆ.

ಇಲ್ಲಿ ಮೂರು ಕಡೆ ಕಾಲು ಜಾರುತ್ತದೆ. ಒಂದು, ಪಾಲು ಇಳಿಯುವುದೂ ಉತ್ಪಾದನೆ ಇಳಿಯುವುದೂ ಒಂದೇ ಅಲ್ಲ. ಜಿಡಿಪಿ 100 ಇದ್ದಾಗ ತಯಾರಿಕೆ 12. ಜಿಡಿಪಿ 150 ಆದಾಗ ತಯಾರಿಕೆ 15. ಉತ್ಪಾದನೆ ಕಾಲು ಭಾಗ ಏರಿದೆ, ಪಾಲು ಮಾತ್ರ ಶೇ. 12ರಿಂದ 10ಕ್ಕೆ ಇಳಿದಿದೆ. ತೈಲದ ಬೆಲೆ ಏರಿದ ವರ್ಷಗಳಲ್ಲಿ ತೈಲ ರಾಷ್ಟ್ರಗಳಲ್ಲಿ ಹೀಗಾಗುವುದು ಸಾಮಾನ್ಯ.

ಎರಡು, ಮೌಲ್ಯವರ್ಧನೆ ಬೇರೆ, ರಫ್ತಿನ ಮೊತ್ತ ಬೇರೆ. 100 ಡಾಲರ್‌ನ ಉಡುಪು ರಫ್ತಾಯಿತು ಎನ್ನಿ. ಅದಕ್ಕೆ 60 ಡಾಲರ್‌ನ ಬಟ್ಟೆ ಆಮದು. ದಾರ, ಗುಂಡಿ, ಪ್ಯಾಕಿಂಗ್, ವಿದ್ಯುತ್‌ಗೆ 10. ದೇಶದ ತಯಾರಿಕಾ ಲೆಕ್ಕಕ್ಕೆ ಸೇರುವುದು ಉಳಿದ 30 ಮಾತ್ರ. ಕೂಲಿ, ಲಾಭ, ಸವಕಳಿ ಎಲ್ಲ ಅದರೊಳಗೇ.

ಮೂರು, ಮೂಲ ವರ್ಷ, ಅಂದರೆ ಜಿಡಿಪಿ ಲೆಕ್ಕಕ್ಕೆ ಆಧಾರವಾಗಿ ಹಿಡಿಯುವ ವರ್ಷ. ನೈಜೀರಿಯಾ 2014ರಲ್ಲಿ ತನ್ನ ಮೂಲ ವರ್ಷವನ್ನು 1990ರಿಂದ 2010ಕ್ಕೆ ಬದಲಿಸಿದಾಗ ಕಾಗದದ ಮೇಲೆ ಜಿಡಿಪಿ ಶೇ. 89ರಷ್ಟು ದೊಡ್ಡದಾಯಿತು. ಒಂದು ಇಟ್ಟಿಗೆಯೂ ಹೊಸದಾಗಿ ಏರಿರಲಿಲ್ಲ. ಹಳೆಯ ಸರಣಿಯ ಪಕ್ಕ ಹೊಸ ಸರಣಿ ಇಟ್ಟು ಹೋಲಿಸುವ ಕೋಷ್ಟಕ ಕಂಡರೆ ಅನುಮಾನ ಇರಲಿ.

ಅಲ್ಯೂಮಿನಿಯಂ: ಲೋಹದ ರೂಪದ ಕರೆಂಟು

ಈ ಒಂದು ಉದಾಹರಣೆ ಚೆನ್ನಾಗಿ ತಿಳಿದರೆ ಉಳಿದದ್ದು ಸಲೀಸು. ನಾಲ್ಕೈದು ಟನ್ ಬಾಕ್ಸೈಟ್ ಕಾಸ್ಟಿಕ್ ಸೋಡಾದಲ್ಲಿ ಬೆಂದು ಎರಡು ಟನ್ ಅಲ್ಯೂಮಿನಾ ಆಗುತ್ತದೆ. ಇದು ಬಿಳಿ ಪುಡಿ. ಆ ಎರಡು ಟನ್ ಪುಡಿಯನ್ನು ಸುಮಾರು 960 ಡಿಗ್ರಿ ಸೆಲ್ಸಿಯಸ್‌ನ ಕರಗಿದ ಕ್ರಯೋಲೈಟ್ ಎಂಬ ಲವಣದಲ್ಲಿ ಹಾಕಿ ವಿದ್ಯುತ್ ಹರಿಸಿದರೆ ಒಂದು ಟನ್ ಲೋಹ. ಈ ಕೊನೆಯ ಹಂತ ಒಂದಕ್ಕೇ ಟನ್‌ಗೆ ಸುಮಾರು 14,000 ಯೂನಿಟ್ ವಿದ್ಯುತ್ ಬೇಕು. ಯೂನಿಟ್ ದರ ಒಂದು ಅಮೆರಿಕನ್ ಸೆಂಟ್ ಏರಿದರೂ ಟನ್‌ನ ಖರ್ಚಿಗೆ 140 ಡಾಲರ್ ಸೇರಿತು. ಅದಿರನ್ನು ಹಡಗಿನಲ್ಲಿ ದೂರ ಸಾಗಿಸಬಹುದು. ಅಗ್ಗದ ಕರೆಂಟನ್ನು ಹಾಗೆ ಹಡಗಿನಲ್ಲಿ ಸಾಗಿಸಲಾಗದು. ಹಾಗಾಗಿ ಈ ಘಟಕಗಳು ಗಣಿಯ ಬಾಗಿಲಿಗಿಂತ ಅಣೆಕಟ್ಟಿನ ತಂತಿಯನ್ನೇ ಹುಡುಕಿಕೊಂಡು ಹೋಗುತ್ತವೆ.

ಘಾನಾದಲ್ಲಿ ವೋಲ್ಟಾ ನದಿಗೆ ಕಟ್ಟಿದ ಅಕೊಸೊಂಬೊ ಅಣೆಕಟ್ಟು 1965ರಲ್ಲಿ ಮುಗಿಯಿತು; ತೇಮಾ ಬಂದರಿನ ವಾಲ್ಕೊ ಘಟಕ 1967ರಲ್ಲಿ ಶುರುವಾಯಿತು. ಪೂರ್ಣ ಸಾಮರ್ಥ್ಯ ವರ್ಷಕ್ಕೆ 2 ಲಕ್ಷ ಟನ್. ಲೆಕ್ಕ ಹಾಕಿ: 2 ಲಕ್ಷ × 14,000 = 280 ಕೋಟಿ ಯೂನಿಟ್. ವರ್ಷದ 8,760 ಗಂಟೆಗಳಿಂದ ಭಾಗಿಸಿದರೆ ಹಗಲಿರುಳು ಬಿಡುವಿಲ್ಲದೆ ಸುಮಾರು 320 ಮೆಗಾವ್ಯಾಟ್. ಅಕೊಸೊಂಬೊದ ಇಂದಿನ ಸ್ಥಾಪಿತ ಸಾಮರ್ಥ್ಯ 1,020 ಮೆಗಾವ್ಯಾಟ್. ಅಂದರೆ ಮೂರರಲ್ಲಿ ಒಂದು ಪಾಲು ಒಂದೇ ಕಾರ್ಖಾನೆಗೆ. ಹಳೆಯ ತಂತ್ರಜ್ಞಾನದ ಘಟಕಕ್ಕೆ ಇದಕ್ಕಿಂತಲೂ ಹೆಚ್ಚೇ ಬೇಕು. ಘಾನಾದಲ್ಲಿ ಬಾಕ್ಸೈಟ್ ಇದ್ದರೂ ಅಲ್ಯೂಮಿನಾ ಸಂಸ್ಕರಣಾ ಘಟಕ ಇರಲಿಲ್ಲ; ಪುಡಿ ಹಡಗಿನಲ್ಲಿ ಬರುತ್ತಿತ್ತು. ದೇಶದ ಅದಿರು ಹೊರಗೆ, ಹೊರಗಿನ ಪುಡಿ ಒಳಗೆ.

ಮಳೆ ಕೈಕೊಟ್ಟರೆ? 1980ರ ದಶಕದ ಬರದಲ್ಲಿ ಅದೇ ಆಯಿತು. ಜಲಾಶಯ ಇಳಿದಂತೆ ಮೊದಲು ಕತ್ತರಿ ಬಿದ್ದದ್ದು ಈ ಘಟಕಕ್ಕೆ. ಇದರ ತೊಟ್ಟಿಗಳನ್ನು, ಕಾರ್ಮಿಕರ ಬಾಯಲ್ಲಿ ‘ಪಾಟ್’ಗಳನ್ನು, ಸ್ವಿಚ್ ಆರಿಸಿ ಮತ್ತೆ ಹಾಕುವಂತಿಲ್ಲ. ನಾಲ್ಕೈದು ಗಂಟೆ ಕರೆಂಟು ಹೋದರೆ ಒಳಗಿನ ದ್ರವ ಹೆಪ್ಪುಗಟ್ಟಿ ಒಳಪದರದ ಕಾರ್ಬನ್ ಬಿರಿಯುತ್ತದೆ. ಆಮೇಲೆ ಗಟ್ಟಿಯಾದದ್ದನ್ನು ಒಡೆದು ತೆಗೆದು, ಹೊಸ ಒಳಪದರ ಕೂರಿಸಿ, ನಿಧಾನವಾಗಿ ಕಾಯಿಸಬೇಕು. ಅದೂ ಒಂದೊಂದೇ ಪಾಟ್. ಒಮ್ಮೆ ನಿಂತ ಘಟಕ ವರ್ಷಗಟ್ಟಲೆ ಅರೆಬರೆ ನಡೆಯುವುದಕ್ಕೆ ಇದೇ ಕಾರಣ.

ಮೊದಲು ಹೇಳಿದ ಮೊಜಾಂಬಿಕ್‌ನ ಘಟಕ, ರಾಜಧಾನಿ ಮಾಪುಟೊ ಬಳಿಯ ಮೊಜಾಲ್, 2000ದಲ್ಲಿ ಶುರುವಾಯಿತು. ಅಲ್ಯೂಮಿನಾ ಆಸ್ಟ್ರೇಲಿಯಾದಿಂದ, ಸುಮಾರು 950 ಮೆಗಾವ್ಯಾಟ್ ವಿದ್ಯುತ್ ದಕ್ಷಿಣ ಆಫ್ರಿಕಾದ ಜಾಲದ ಮೂಲಕ. ಆ ವಿದ್ಯುತ್ ಒಪ್ಪಂದದ ಗಡುವು 2026ರ ಮಾರ್ಚ್ ಆಗಿತ್ತು. ಹೊಸ ದರ ಕುದುರದೆ 2025ರಲ್ಲೇ ಅಲ್ಲಿ ಪಾಟ್‌ಗಳಿಗೆ ಹೊಸ ಒಳಪದರ ಹಾಕುವ ಕೆಲಸ ನಿಂತಿತು. ಒಳಪದರದ ಆಯುಸ್ಸು ಕೆಲವೇ ವರ್ಷ. ಅದನ್ನು ಹಾಕುವುದು ನಿಂತಿತೆಂದರೆ ಮಾಲೀಕರು ಮುಂದಿನ ದಿನಗಳನ್ನು ನೆಚ್ಚಿಲ್ಲ ಎಂದೇ ಓದಬೇಕು. ಪತ್ರಿಕಾ ಹೇಳಿಕೆಗಿಂತ ಇದು ಖಚಿತ ಸೂಚನೆ.

ಸಣ್ಣ ಕಾರ್ಖಾನೆಗಳ ಕರೆಂಟಿನ ಕಥೆ ಬೇರೆ. ಅಲ್ಲಿ ಡೀಸೆಲ್ ಜನರೇಟರ್ ಇರುತ್ತದೆ. ಒಂದು ಲೀಟರ್ ಡೀಸೆಲ್‌ನಿಂದ ಸಿಗುವುದು ಮೂರು, ಮೂರೂವರೆ ಯೂನಿಟ್. ಲೀಟರ್‌ಗೆ ಒಂದು ಡಾಲರ್ ಎಂದುಕೊಂಡರೆ ಇಂಧನಕ್ಕೇ ಯೂನಿಟ್‌ಗೆ 30 ಸೆಂಟ್ ಆಯಿತು. ಯಂತ್ರದ ಸವಕಳಿ, ಆಯಿಲ್, ಫಿಲ್ಟರ್ ಬೇರೆ. ಪ್ಲಾಸ್ಟಿಕ್ ಅಚ್ಚಿನ ಘಟಕದಲ್ಲಿ ನಡುವೆ ಕರೆಂಟು ಹೋದರೆ ಬ್ಯಾರೆಲ್‌ನಲ್ಲಿದ್ದ ಮಾಲು ಸುಟ್ಟು ಗಟ್ಟಿಯಾಗುತ್ತದೆ. ಕಾರಿನ ಘಟಕದಲ್ಲಿ ಬಣ್ಣದ ಓವನ್ ಒಳಗಿದ್ದ ಬಾಡಿಗಳು ಮತ್ತೆ ಉಜ್ಜಿಸಿಕೊಳ್ಳಬೇಕು. ದಕ್ಷಿಣ ಆಫ್ರಿಕಾದ ಲೋಡ್‌ಶೆಡ್ಡಿಂಗ್ 2023ರಲ್ಲಿ ತುತ್ತತುದಿ ಮುಟ್ಟಿದಾಗ ವೇಳಾಪಟ್ಟಿ ಮೊದಲೇ ಗೊತ್ತಿದ್ದರೂ ನಷ್ಟವಾದದ್ದು ಹೀಗೆ: ನಿಂತ ಎರಡು ಗಂಟೆಯ ಜೊತೆಗೆ ನಿಲ್ಲಿಸುವ, ಮತ್ತೆ ಬಿಸಿಮಾಡುವ ಗಂಟೆಗಳೂ ಹೋದವು.

ಉಡುಪು: ಅಗ್ಗದ ಕೂಲಿ ಎಂಬ ಅರ್ಧ ಲೆಕ್ಕ

ಇಥಿಯೋಪಿಯಾದ ಹವಾಸ್ಸಾ ಕೈಗಾರಿಕಾ ಪಾರ್ಕ್ 2016ರಲ್ಲಿ ಉದ್ಘಾಟನೆಯಾದಾಗ ಮುಖ್ಯ ಆಕರ್ಷಣೆ ಕೂಲಿ. ತಿಂಗಳ ಮೂಲವೇತನ 26 ಡಾಲರ್‌ನಷ್ಟೇ ಇದ್ದದ್ದು ಜಗತ್ತಿನ ಗಾರ್ಮೆಂಟ್ ವಲಯದಲ್ಲೇ ತಳಮಟ್ಟ. ಆದರೆ ಖರೀದಿದಾರರು ನೋಡುವುದು ಕೂಲಿಯನ್ನಲ್ಲ, ಒಂದು ಪೀಸಿಗೆ ಬೀಳುವ ಕೂಲಿಯನ್ನು.

ಲೆಕ್ಕಕ್ಕೆ ಒಂದು ಕಾಲ್ಪನಿಕ ಹೊಲಿಗೆ ಲೈನ್ ತೆಗೆದುಕೊಳ್ಳಿ; ಇಲ್ಲಿನ ಕೂಲಿಯ ಅಂಕಿಗಳು ಹವಾಸ್ಸಾದವಲ್ಲ. 30 ಟೈಲರ್‌ಗಳು, 480 ನಿಮಿಷದ ಪಾಳಿ. ಒಟ್ಟು 14,400 ನಿಮಿಷ. ಟಿ-ಶರ್ಟ್‌ಗೆ ಪ್ರಮಾಣಿತ ಸಮಯ 10 ನಿಮಿಷ ಎಂದಿಟ್ಟರೆ ನೂರಕ್ಕೆ ನೂರು ದಕ್ಷತೆಯಲ್ಲಿ 1,440 ಪೀಸ್. ದಕ್ಷತೆ ಶೇ. 40 ಇದ್ದು ದಿನಗೂಲಿ 4 ಡಾಲರ್ ಆದರೆ 576 ಪೀಸಿಗೆ 120 ಡಾಲರ್, ಅಂದರೆ ಪೀಸಿಗೆ ಸುಮಾರು 21 ಸೆಂಟ್. ಬೇರೆ ಕಡೆ ದಕ್ಷತೆ ಶೇ. 65, ಕೂಲಿ 6 ಡಾಲರ್ ಇದ್ದರೆ 936 ಪೀಸಿಗೆ 180 ಡಾಲರ್. ಪೀಸಿಗೆ 19 ಸೆಂಟ್. ಕೂಲಿ ಒಂದೂವರೆ ಪಟ್ಟು ಇದ್ದವನೇ ಗೆದ್ದ. ದಕ್ಷತೆ ಬೀಳುವುದು ಕೈ ಪಳಗುವ ಮೊದಲೇ ಜನ ಕೆಲಸ ಬಿಡುವುದರಿಂದ, ಮತ್ತು 26 ಡಾಲರ್‌ನಲ್ಲಿ ಪಟ್ಟಣದ ಬಾಡಿಗೆ, ಊಟ ಸಾಗದಿದ್ದರೆ ಬಿಡದೆ ಮಾಡುವುದೇನು? ಕಡಿಮೆ ಕೂಲಿಯೇ ಪೀಸಿನ ಖರ್ಚನ್ನು ಏರಿಸಬಹುದು.

ಇದರ ಮೇಲೆ ಸುಂಕ. ಅಮೆರಿಕದ ‘ಅಗೋವಾ’ ಕಾಯ್ದೆ 2000ದಿಂದ ಆಯ್ದ ಆಫ್ರಿಕನ್ ದೇಶಗಳ ಸರಕಿಗೆ ಸುಂಕ ವಿನಾಯಿತಿ ಕೊಟ್ಟಿತು. ಉಡುಪಿಗೆ ಅದರಲ್ಲಿ ವಿಶೇಷ ಅವಕಾಶವಿತ್ತು: ಹಿಂದುಳಿದ ದೇಶಗಳು ಬಟ್ಟೆಯನ್ನು ಎಲ್ಲಿಂದಾದರೂ ತರಿಸಿ ಹೊಲಿದರೆ ಸಾಕು. ಲೆಸೊಥೊ, ಕೀನ್ಯಾ, ಮಡಗಾಸ್ಕರ್‌ನ ಗಾರ್ಮೆಂಟ್ಸ್ ಬೆಳೆದದ್ದು ಈ ನಿಯಮದ ನೆರಳಿನಲ್ಲಿ. ಹತ್ತಿ ಟಿ-ಶರ್ಟ್‌ಗೆ ಅಮೆರಿಕದ ಸಾಮಾನ್ಯ ಸುಂಕ ಶೇ. 16.5, ಸಿಂಥೆಟಿಕ್‌ಗೆ ಶೇ. 32. ಮೂರು ಡಾಲರ್‌ನ ಹತ್ತಿ ಟಿ-ಶರ್ಟ್‌ಗೆ ಸುಂಕ ಸುಮಾರು 50 ಸೆಂಟ್. ಮೇಲಿನ ಲೆಕ್ಕದ 21 ಸೆಂಟ್ ನೆನಪಿದೆಯಲ್ಲ? ವಿನಾಯಿತಿ ತಪ್ಪಿದರೆ ಟೈಲರ್‌ಗಳು ಪುಕ್ಕಟೆ ಹೊಲಿದುಕೊಟ್ಟರೂ ನಷ್ಟ ತುಂಬುವುದಿಲ್ಲ. ಅಲ್ಲಿನ ಟಿಗ್ರೇ ಪ್ರಾಂತ್ಯದ ಯುದ್ಧದ ಹಿನ್ನೆಲೆಯಲ್ಲಿ ಅಮೆರಿಕ 2022ರ ಜನವರಿ 1ರಿಂದ ಇಥಿಯೋಪಿಯಾವನ್ನು ಅಗೋವಾದಿಂದ ಹೊರಗಿಟ್ಟಾಗ ಹವಾಸ್ಸಾದ ಆರ್ಡರ್‌ಗಳು ಕರಗಿದ್ದು ಹಾಗೆ. 2018ರಲ್ಲಿ ರುವಾಂಡಾಕ್ಕೆ ಉಡುಪಿನ ವಿನಾಯಿತಿ ತಪ್ಪಿದ್ದು ಇನ್ನೊಂದು ಕಾರಣಕ್ಕೆ: ಹೊರಗಿನಿಂದ ಬರುವ ಹಳೆ ಬಟ್ಟೆಗೆ ಅದು ಸುಂಕ ಏರಿಸಿತ್ತು. ಸ್ವಂತ ಗಿರಣಿ ಉಳಿಸಲು ಹೋದರೆ ರಫ್ತಿನ ಬಾಗಿಲು ಮುಚ್ಚುತ್ತದೆ. ನನ್ನ ಮಟ್ಟಿಗೆ ಈ ಇಕ್ಕಟ್ಟು ಇಡೀ ವಿಷಯದಲ್ಲೇ ಹೆಚ್ಚು ಬರೆಯಬೇಕಾದದ್ದು.

ಕಾರು, ಸಿಮೆಂಟು, ಕೋಕೊ

ಕಾರು ತಯಾರಿಕೆಯಲ್ಲಿ ಮೊರಾಕೊ ಯಾಕೆ ಗೆದ್ದಿತು? ಜಿಬ್ರಾಲ್ಟರ್ ಜಲಸಂಧಿಯ ಕಿರಿದಾದ ಕಡೆ ಸ್ಪೇನ್‌ಗೆ 14 ಕಿಲೋಮೀಟರ್. ಟ್ಯಾಂಜರ್ ಮೆಡ್ ಬಂದರು 2007ರಲ್ಲಿ ತೆರೆಯಿತು. ರೆನೋ ಘಟಕ 2012ರಲ್ಲಿ, ಬಂದರಿಗೆ ರೈಲು ಸಂಪರ್ಕದೊಂದಿಗೆ. ಕೆನಿತ್ರಾದಲ್ಲಿ ಪೆಜೊ 2019ರಲ್ಲಿ. ಬಂದರು, ರೈಲು, ತರಬೇತಿ ಕೇಂದ್ರ ಜೊತೆಜೊತೆಗೆ ಬಂದವು ಎಂಬುದನ್ನು ಗಮನಿಸಿ. ಮೊದಲು ಬಂದ ಬಿಡಿಭಾಗ ವೈರಿಂಗ್ ಹಾರ್ನೆಸ್, ಅಂದರೆ ಕಾರಿನೊಳಗಿನ ತಂತಿಗಳ ಕಟ್ಟು: ಕೈಕೆಲಸ ಬಹಳ, ದೂರದಿಂದ ತರಲು ಅನುಕೂಲವಲ್ಲ. ದಕ್ಷಿಣ ಆಫ್ರಿಕಾ ಹಿಡಿದದ್ದು ಬೇರೆ ದಾರಿ. 1995ರಿಂದ, ಆಮೇಲೆ 2013ರ ಹೊಸ ಯೋಜನೆಯಲ್ಲಿ, ಸ್ಥಳೀಯ ಉತ್ಪಾದನೆಗೆ ತಕ್ಕಂತೆ ಆಮದು ಸುಂಕದಲ್ಲಿ ವಜಾ. ಡರ್ಬನ್, ಈಸ್ಟ್ ಲಂಡನ್, ಪ್ರಿಟೋರಿಯಾ ಸುತ್ತಲಿನ ಘಟಕಗಳು ಅದರ ಮೇಲೆ ನಿಂತಿವೆ. ಇನ್ನು ಹಲವು ದೇಶಗಳ ‘ಕಾರು ತಯಾರಿಕೆ’ ಬಿಚ್ಚಿದ ಕಿಟ್‌ಗಳ ಜೋಡಣೆ. ಬಾಡಿ ವೆಲ್ಡಿಂಗ್, ಬಣ್ಣ ಎಲ್ಲಿ ನಡೆಯಿತು ಎಂದು ಕೇಳಿದರೆ ವ್ಯತ್ಯಾಸ ತಿಳಿಯುತ್ತದೆ. ಚಕ್ರ, ಬ್ಯಾಟರಿ, ಸೀಟು ಮಾತ್ರ ಕೂರಿಸಿದ್ದರೆ ಮೌಲ್ಯವರ್ಧನೆ ಅತ್ಯಲ್ಪ.

ಸಿಮೆಂಟಿನ ಅಂಕಿಗಳಲ್ಲೂ ಇದೇ ತರದ ಮೋಸವಿದೆ. ಸುಣ್ಣದ ಕಲ್ಲನ್ನು 1,450 ಡಿಗ್ರಿಯಲ್ಲಿ ಸುಟ್ಟು ಕ್ಲಿಂಕರ್ ಎಂಬ ಗಟ್ಟಿ ಉಂಡೆಗಳನ್ನು ಮಾಡುವುದು ಅಸಲಿ ಕೆಲಸ. ಪಶ್ಚಿಮ ಕರಾವಳಿಯ ಹಲವು ಘಟಕಗಳು ಕ್ಲಿಂಕರ್ ಆಮದು ಮಾಡಿ, ಶೇ. 4–5ರಷ್ಟು ಜಿಪ್ಸಮ್ ಸೇರಿಸಿ ಅರೆಯುತ್ತವೆ, ಅಷ್ಟೆ. ನೈಜೀರಿಯಾದ ಒಬಾಜಾನಾದಂಥ ಕಡೆ ಕಲ್ಲಿನಿಂದಲೇ ಶುರುವಾಗುತ್ತದೆ. ಟನ್ ಲೆಕ್ಕದಲ್ಲಿ ಎರಡೂ ‘ಸಿಮೆಂಟ್ ಉತ್ಪಾದನೆ’.

ಕೋಕೊ ಬಗ್ಗೆ ಒಂದೇ ಎಚ್ಚರಿಕೆ. ಐವರಿ ಕೋಸ್ಟ್ ಮತ್ತು ಘಾನಾ ಸೇರಿ ಜಗತ್ತಿನ ಅರ್ಧಕ್ಕೂ ಹೆಚ್ಚು ಕೋಕೊ ಬೆಳೆದಿವೆ. ಚಾಕೊಲೇಟ್ ಮಾಡದಿರುವುದಕ್ಕೆ ಯುರೋಪಿನ ಸುಂಕವೇ ಕಾರಣ ಎಂದು ಬರೆಯಬೇಡಿ. ಯುರೋಪಿನೊಂದಿಗೆ ಆ ಎರಡೂ ದೇಶಗಳ ಒಪ್ಪಂದಗಳು 2016ರಿಂದ ಜಾರಿಯಲ್ಲಿದ್ದು, ಕೋಕೊ ಸರಕಿಗೆ ಅಲ್ಲಿ ಸುಂಕವಿಲ್ಲ. ತೊಡಕು ಹಾಲಿನಪುಡಿಯಲ್ಲಿದೆ, ಕಾರ್ಖಾನೆಯಿಂದ ಅಂಗಡಿಯವರೆಗೆ ತಂಪು ಕಾಯುವ ಸರಪಳಿಯಲ್ಲಿದೆ. ಚಾಕೊಲೇಟ್ 34 ಡಿಗ್ರಿಯ ಸುಮಾರಿಗೆ ಕರಗುತ್ತದೆ. ಅರೆದ ಕೋಕೊ, ಬೆಣ್ಣೆ, ಪುಡಿ ಸಾಗಣೆಗೆ ಸುಲಭ. ಐವರಿ ಕೋಸ್ಟ್ ಅರೆಯುವುದರಲ್ಲಿ ಮುಂಚೂಣಿಗೆ ಬಂದು ಅಲ್ಲೇ ನಿಂತಿರುವುದು ಇದಕ್ಕೇ.

ಒಂದೇ ಮಾರುಕಟ್ಟೆ, 54 ದೇಶ

ಆಫ್ರಿಕಾದ 54 ದೇಶಗಳಲ್ಲಿ 16ಕ್ಕೆ ಸಮುದ್ರವಿಲ್ಲ. ರೈಲು ಹಳಿಗಳೂ ಒಂದೇ ಅಳತೆಯವಲ್ಲ: ದಕ್ಷಿಣದಲ್ಲಿ 1,067 ಮಿಲಿಮೀಟರ್, ಪೂರ್ವ ಪಶ್ಚಿಮಗಳ ಹಲವು ಹಳೆಯ ಮಾರ್ಗಗಳಲ್ಲಿ ಮೀಟರ್ ಗೇಜ್, ಈಜಿಪ್ಟ್, ಮೊರಾಕೊ ಮತ್ತು ಇಥಿಯೋಪಿಯಾ, ಕೀನ್ಯಾಗಳ ಹೊಸ ಮಾರ್ಗಗಳಲ್ಲಿ 1,435. ಗಣಿಯಿಂದ ಬಂದರಿಗೆ ಹಾಕಿದ ಹಳಿಗಳು ಪಕ್ಕದ ದೇಶದ ಪೇಟೆಗೆ ತಿರುಗುವುದಿಲ್ಲ. ಆಫ್ರಿಕಾದ ಒಳಗಿನ ವ್ಯಾಪಾರ ಒಟ್ಟು ವ್ಯಾಪಾರದ ಶೇ. 15ರ ಆಸುಪಾಸಿನಲ್ಲೇ ಇದೆ.

ಭೂಖಂಡದ ಮುಕ್ತ ವ್ಯಾಪಾರ ಒಪ್ಪಂದಕ್ಕೆ 2018ರ ಮಾರ್ಚ್ 21ರಂದು ಕಿಗಾಲಿಯಲ್ಲಿ ಸಹಿ ಬಿತ್ತು. 2019ರ ಮೇ 30ಕ್ಕೆ ಜಾರಿ, 2021ರ ಜನವರಿ 1ರಿಂದ ವ್ಯಾಪಾರ. ಕಚೇರಿ ಅಕ್ರಾದಲ್ಲಿ. ಶೇ. 90 ಸರಕು ಬಾಬ್ತುಗಳ ಸುಂಕ ಮೊದಲು ಇಳಿಯಬೇಕು: ಹಿಂದುಳಿದ ದೇಶಗಳಿಗೆ 10 ವರ್ಷ, ಉಳಿದವಕ್ಕೆ 5. ಇನ್ನು ಶೇ. 7 ‘ಸೂಕ್ಷ್ಮ’, ಅವಕ್ಕೆ ಹೆಚ್ಚು ಕಾಲ. ಶೇ. 3 ಪೂರ್ತಿ ಹೊರಗೆ. ಬಾಬ್ತುಗಳ ಲೆಕ್ಕದಲ್ಲಿ ಶೇ. 3 ಸಣ್ಣದು, ಆದರೆ ಆಮದಿನ ಮೌಲ್ಯದ ಲೆಕ್ಕದಲ್ಲಿ ಅದು ಶೇ. 10ರವರೆಗೂ ಹೋಗಬಹುದು.

ಎಲ್ಲಕ್ಕಿಂತ ಹೆಚ್ಚು ಎಳೆದಾಡಿದ ಭಾಗ ಸರಕು ಎಲ್ಲಿಯದೆಂದು ತೀರ್ಮಾನಿಸುವ ‘ಮೂಲದ ನಿಯಮ’, ಅದರಲ್ಲೂ ಉಡುಪು ಮತ್ತು ಕಾರಿನದು. ಒಂದು ಶರ್ಟ್ ‘ಆಫ್ರಿಕಾದ್ದು’ ಆಗಲು ಹೊಲಿದರೆ ಸಾಕೇ, ಬಟ್ಟೆಯನ್ನೂ ಅಲ್ಲೇ ನೇಯ್ದಿರಬೇಕೇ? ಹೊಲಿಗೆ ಸಾಕೆಂದರೆ ಏಷ್ಯಾದ ಬಟ್ಟೆ ಬಂದು ಇದ್ದಬದ್ದ ಗಿರಣಿಗಳಿಗೆ ಕುತ್ತು. ನೇಯ್ಗೆಯೂ ಬೇಕೆಂದರೆ, ಗಿರಣಿಯೇ ಇಲ್ಲದ ದೇಶದ ಹೊಲಿಗೆ ಘಟಕಕ್ಕೆ ಪಕ್ಕದ ದೇಶದ ಪೇಟೆ ಸುಂಕ ಕೊಟ್ಟೇ ಹೋಗಬೇಕಾದ ಪೇಟೆಯಾಗಿ ಉಳಿಯುತ್ತದೆ.